ವೀರಪ್ಪ ತಂದ ಪಂದಯಂ

ಟೇಪಿನ ಒಂದು ತುದಿಯನ್ನು ಕೋಮಲಾ ತಾನೇ ಹಿಡಿದುಕೊಂಡಿದ್ದಳು. ಅದನ್ನು ನೆನೆಸಿಕೊಂಡರೆ ಇವತ್ತಿಗೂ ಅವಳ ಮೈ ಉರಿಯುತ್ತದೆ.

ಬೆಳಗಿನ ಆರು ಗಂಟೆಯ ಹೊತ್ತು. ಚೆನ್ನೈನ ಪುರಸೈವಾಕ್ಕಂನ ಬಟ್ಟೆಯಂಗಡಿ, ಪಾತ್ರೆಯಂಗಡಿಗಳ ದೊಡ್ಡ ಬೀದಿಯ ಹಿಂದೆ ಎರಡು ಗಲ್ಲಿ ದಾಟಿದರೆ ಪಾಲಿಕೆಯ ಆಟದ ಮೈದಾನ ಸಿಗುತ್ತದೆ. ಅಲ್ಲಿಯವರ ಬಾಯಲ್ಲಿ ಅದು ಬರೀ ತಿಡಲ್. ಕೋಮಲಾಳ ಹದಿನಾಲ್ಕು ಹುಡುಗಿಯರು ಅಲ್ಲಿ ವಾಲಿಬಾಲ್ ಅಭ್ಯಾಸ ಮಾಡುತ್ತಿದ್ದರು. ಪಾಲಿಕೆಯ ಎಂಜಿನಿಯರ್ ಎಳಿಲರಸನ್ ಇಬ್ಬರು ಆಳುಗಳ ಜೊತೆ ಬಂದು, ಸ್ವಲ್ಪ ಅಳತೆ ತೆಗೆದುಕೊಳ್ಳಬೇಕಿತ್ತು ಮೇಡಂ ಅಂದಾಗ ಅವಳಿಗೆ ಹಾಲು ಕುಡಿದಷ್ಟು ಸಂತೋಷವಾಯಿತು. ಪಾಲಿಕೆಯ ಸದಸ್ಯನಾದ ಅಣ್ಣ ವೀರಪ್ಪ ಕೊನೆಗೂ ವಾಲಿಬಾಲ್ ಕ್ರೀಡಾಂಗಣ ತಂದೇ ತೋರಿಸಿದ ಅಂದುಕೊಂಡಳು. ಹುಡುಗಿಯರಿಂದ ನೆಟ್ಟು ಬಿಚ್ಚಿಸಿದಳು, ಚೆಂಡುಗಳ ಚೀಲವನ್ನು ತಾನೇ ಎಳೆದು ಬದಿಗಿಟ್ಟಳು, ತನ್ನ ಫ್ಲಾಸ್ಕಿನ ಟೀಯನ್ನು ಆ ಮೂವರಿಗೂ ಬಗ್ಗಿಸಿ ಕೊಟ್ಟಳು. ಆಳು ಒಬ್ಬ ಸುಣ್ಣದ ಪುಡಿಯ ಡಬ್ಬ ಹುಡುಕುತ್ತಿದ್ದಾಗ ಟೇಪು ಹಿಡಿದು ಮೂಲೆಯಿಂದ ಮೂಲೆಗೆ ಓಡಾಡಿದಳು. ಹೇಳಿಕೊಳ್ಳುವಂಥ ಮಂಡಿ ಅವಳಿಗೆ ಉಳಿದಿರಲಿಲ್ಲ, ಆದರೂ ಓಡಾಡಿದಳು.

ಅರ್ಧ ಗಂಟೆಯ ಮೇಲೆ, ನೆಟ್ಟಿನ ಕಂಬಕ್ಕೆ ಪಾಯ ಎಲ್ಲಿ ತೋಡ್ತೀರಿ ಅಂತ ಕೇಳಿದಳು. ಎಳಿಲರಸನ್ ಅವಳ ಮುಖವನ್ನೇ ನೋಡಿದ. ನೆಟ್ಟು ಎಲ್ಲಿಯದು ಮೇಡಂ, ಇದು ಬೈಕ್ ರೇಸಿನ ಗ್ಯಾರೇಜು ಅಂದ. ಇಡೀ ಮೈದಾನಕ್ಕೆ ಒಂದಡಿ ಕಾಂಕ್ರೀಟು ಬೀಳುತ್ತದೆ, ಸುತ್ತ ತಗಡಿನ ಗೋಡೆ, ಐದು ವರ್ಷದ ಒಪ್ಪಂದ. ಬ್ಯಾಟರಿ ಬೈಕುಗಳ ಅಂತರರಾಷ್ಟ್ರೀಯ ರೇಸು ಈ ವಾರ್ಡಿನ ರಸ್ತೆಗಳ ಮೇಲೆ ನಡೆಯುತ್ತದೆ. ನಿಮ್ಮ ಅಣ್ಣನವರೇ ಕೌನ್ಸಿಲ್‌ನಲ್ಲಿ ಕೇಳಿ ತಂದದ್ದಲ್ಲವೇ, ನಿಮಗೆ ಗೊತ್ತಿಲ್ಲವೇ ಅಂತ ಅವನೇ ಅವಳನ್ನು ಕೇಳಿದ. ಪಾಪ, ಅವನು ನಿಜವಾಗಿಯೂ ಆಶ್ಚರ್ಯಪಟ್ಟಿದ್ದ.

ಕೋಮಲಾ ಟೇಪು ಕೈಬಿಟ್ಟಳು. ಅದು ಸರ್ರನೆ ಸುತ್ತಿಕೊಂಡು ಹೋಗಿ ಆಳಿನ ಕೈಗೆ ಹೊಡೆಯಿತು.

ಈ ಮೈದಾನ ಅಂದರೆ ಏನು ಅಂತ ಮೊದಲು ತಿಳಿಯಬೇಕು. ಕೋಮಲಾಗೆ ಈಗ ಐವತ್ತೊಂದು. ಎಂಟು ವರ್ಷ ರಾಜ್ಯ ತಂಡಕ್ಕೆ ಆಡಿ, ಸಿಮೆಂಟಿನ ನೆಲದ ಮೇಲೆ ಹಾರಿ ಹಾರಿ ಎರಡೂ ಮಂಡಿ ಕಳೆದುಕೊಂಡು, ಕೀಲ್ಪಾಕ್‌ನ ಒಂದು ಹೆಣ್ಣುಮಕ್ಕಳ ಶಾಲೆಯಲ್ಲಿ ಆಟದ ಟೀಚರ್ ಆದವಳು. ಮದುವೆ ಬೇಡ ಅಂದವಳು. ಶಾಲೆಗೆ ಮುಂಚೆ ಎರಡು ಗಂಟೆ, ಶಾಲೆಯ ಮೇಲೆ ಎರಡು ಗಂಟೆ, ಇಪ್ಪತ್ತೆರಡು ವರ್ಷದಿಂದ ಈ ಮಣ್ಣಿನ ಮೇಲೆ ನಿಂತವಳು. ಬೇಸಿಗೆಯಲ್ಲಿ ಕೊಳಾಯಿಯಿಂದ ಬಿಂದಿಗೆ ಬಿಂದಿಗೆ ನೀರು ತಂದು ನೆಲ ಹದ ಮಾಡಿದವಳು. ಹೂ ಮಾರುವವರ, ಆಟೋ ಓಡಿಸುವವರ, ಬಟ್ಟೆಯಂಗಡಿಯಲ್ಲಿ ದಿನವೆಲ್ಲಾ ಸೀರೆ ಮಡಚುವವರ ಮಕ್ಕಳು ಇಲ್ಲಿ ಆಡಿ, ಹನ್ನೊಂದು ಜನ ಕ್ರೀಡಾ ಕೋಟಾದಲ್ಲಿ ರೈಲ್ವೆ, ಪೊಲೀಸು ಅಂತ ಕೆಲಸ ಹಿಡಿದಿದ್ದರು. ಹನ್ನೆರಡನೆಯವಳಾಗಬೇಕಾದವಳು ವೆಣ್ಣಿಲಾ. ಹೂ ಮಾರುವ ಅಂಜಲೈ ಅಜ್ಜಿಯ ಮೊಮ್ಮಗಳು. ಇನ್ನೆರಡು ತಿಂಗಳಿಗೆ ರಾಜ್ಯ ಜೂನಿಯರ್ ತಂಡದ ಆಯ್ಕೆ. ಇಂಥ ಮೈದಾನವನ್ನು ಬೈಕು ತೊಳೆಯಲು ಕೊಡುತ್ತಾರಂತೆ. ಹೊಟ್ಟೆಗೆ ಅನ್ನ ತಿನ್ನುವವರು ಮಾಡುವ ಕೆಲಸವೇ ಇದು?

ಇನ್ನು ವೀರಪ್ಪ. ಅವನು ಕೆಟ್ಟವನಾಗಿದ್ದರೆ ಕೋಮಲಾಗೆ ಇಷ್ಟು ಸಿಟ್ಟು ಬರುತ್ತಿರಲಿಲ್ಲ. ಕೆಟ್ಟವರ ಮೇಲೆ ಸಿಟ್ಟು ಮಾಡಿಕೊಂಡು ಯಾರಿಗೆ ಏನಾಗಬೇಕು? ಅವಳಿಗಿಂತ ಏಳು ವರ್ಷ ದೊಡ್ಡವನು. ಅವರ ಅಜ್ಜನ ಕಾಲಕ್ಕೇ ರಾಣೇಬೆನ್ನೂರಿನಿಂದ ಬಂದು ಪುರಸೈವಾಕ್ಕಂನಲ್ಲಿ ಸ್ಟೀಲು ಪಾತ್ರೆಯ ಅಂಗಡಿ ಇಟ್ಟ ಮನೆತನ. ತಂಗಿ ಮೊದಲ ಸಲ ಜಿಲ್ಲಾ ತಂಡಕ್ಕೆ ಆಡಿದ ದಿನ ಅಂಗಡಿಯ ಬಾಗಿಲು ಹಾಕಿಕೊಂಡು ಹೋಗಿ, ಕೂಗಿ ಕೂಗಿ ಗಂಟಲು ಕಟ್ಟಿಸಿಕೊಂಡು ಬಂದವನು ಅವನೇ. ಅಪ್ಪ ಹೆಣ್ಣುಮಗಳಿಗೆ ಚಡ್ಡಿ ಹಾಕಿಸಿ ಆಡಿಸ್ತೀಯಾ ಅಂತ ಬೈದಾಗ ಅಡ್ಡ ನಿಂತವನೂ ಅವನೇ. ಚೆನ್ನೈಗೆ ದೊಡ್ಡ ದೊಡ್ಡ ಪಂದ್ಯ ಬರಬೇಕು, ಅದರಲ್ಲೂ ಹೆಂಗಸರ ಅಂತರರಾಷ್ಟ್ರೀಯ ವಾಲಿಬಾಲ್ ನಮ್ಮ ವಾರ್ಡಿಗೆ ಬರಬೇಕು, ನಮ್ಮ ತಿಡಲ್‌ನಲ್ಲಿ ಒಳಾಂಗಣ ಕ್ರೀಡಾಂಗಣ ಏಳಬೇಕು ಅನ್ನುವುದು ಅವನ ಹುಚ್ಚು. ಆ ಹುಚ್ಚನ್ನು ಹೊತ್ತುಕೊಂಡು ಹತ್ತು ವರ್ಷ ಮಂತ್ರಿಗಳ ಬಾಗಿಲು, ಕ್ರೀಡಾ ಸಂಘಗಳ ಮೆಟ್ಟಿಲು ಎಲ್ಲಾ ಸವೆಸಿದ. ಅದೇ ಮಾತು ಹೇಳಿ ಚುನಾವಣೆಗೂ ನಿಂತ.

ನಿಂತಾಗಲೇ ಎಡವಟ್ಟು ಶುರುವಾದದ್ದು. ಎದುರಾಳಿಯ ಕಡೆಯವರು ಗೋಡೆಯ ಮೇಲೆ ಬರೆದರು: ಇವನು ಕನ್ನಡದವನು, ನಾಳೆ ಕಾವೇರಿ ನೀರಿನ ಮಾತು ಬಂದರೆ ಯಾವ ಕಡೆ ನಿಲ್ಲುತ್ತಾನೆ? ಅಷ್ಟೇ. ಒಂದೇ ಗೋಡೆ, ಒಂದೇ ಸಾಲು, ಮರುದಿನ ಯಾರೋ ಅದರ ಮೇಲೆ ಟ್ಯೂಷನ್ ಜಾಹೀರಾತು ಅಂಟಿಸಿದರು. ಆದರೆ ವೀರಪ್ಪನ ಎದೆಯೊಳಗೆ ಅದು ಅಳಿಯಲಿಲ್ಲ. ಹೆಸರಿನ ತುದಿಗೆ ಒಂದು ನಕಾರ ಸೇರಿಸಿಕೊಂಡು ಪೋಸ್ಟರ್‌ಗಳಲ್ಲಿ ವೀರಪ್ಪನ್ ಆದ. ಆ ಹೆಸರು ಕೇಳಿದರೆ ಎರಡೂ ರಾಜ್ಯದವರಿಗೆ ಯಾರ ಮೀಸೆ ನೆನಪಾಗುತ್ತದೆ ಅಂತ ಬಿಡಿಸಿ ಹೇಳಬೇಕಾಗಿಲ್ಲ. ಅವನಿಗೆ ಮಾತ್ರ, ಕನ್ನಡದವನು ಅನ್ನಿಸಿಕೊಳ್ಳುವುದಕ್ಕಿಂತ ಅದೇ ವಾಸಿ ಅನ್ನಿಸಿತು. ಗೆದ್ದ ಮೇಲೆ ಬೀದಿಯಲ್ಲಿ ಕನ್ನಡದ ಒಂದಕ್ಷರ ಆಡಲಿಲ್ಲ. ಎಂಬತ್ತೆರಡು ವರ್ಷದ ತಾಯಿ ಶಂಕ್ರಮ್ಮನಿಗೂ, ಬಾಲ್ಕನಿಯಿಂದ ಕನ್ನಡದಲ್ಲಿ ಕೂಗಬೇಡವ್ವಾ, ಜನ ಕೇಳ್ತಾರೆ ಅಂತ ಹೇಳಿದ. ನಾನೇನು ಕಳ್ಳ ಮಾಲು ಮಾರಾಕತ್ತೀನೇನು ಅಂತ ಮುದುಕಿ ತಿರುಗಿಸಿ ಕೇಳಿದ್ದಳು.

ಈಗ ಆ ಮಾತಿಗೆ ಬರೋಣ, ಎಲ್ಲವನ್ನೂ ಹಾಳು ಮಾಡಿದ ಆ ಒಂದು ಮಾತಿಗೆ.

ನಾಲ್ಕು ತಿಂಗಳ ಹಿಂದೆ ಕೌನ್ಸಿಲ್ ಸಭೆಯಲ್ಲಿ ಮಾತಾಡಲು ವೀರಪ್ಪನಿಗೆ ಐದು ನಿಮಿಷ ಸಿಕ್ಕಿತ್ತು. ಭಾಷಣವನ್ನು ಕೋಮಲಾ ಕೂತು ತಮಿಳಿನಲ್ಲಿ ಬರೆದುಕೊಟ್ಟಿದ್ದಳು. ವಾಲಿಬಾಲಿಗೆ ತಮಿಳಿನಲ್ಲಿ ಕೈಪ್ಪಂದು, ಪಂದ್ಯಕ್ಕೆ ಪೋಟ್ಟಿ. ಮಹಿಳೆಯರ ಕೈಪ್ಪಂದು ಪೋಟ್ಟಿ ಅಂತ ಆರು ಕಡೆ ಬರೆದು ಅಡಿಗೆರೆ ಎಳೆದಿದ್ದಳು. ಆ ಮಹಾರಾಯ ಎರಡು ಸಾಲು ಓದಿ, ಹಾಳೆ ಮಡಚಿ ಜೇಬಿಗಿಟ್ಟ. ಎದೆ ತುಂಬಿ ಬಂದಿತ್ತಂತೆ. ನಮ್ಮೂರಿಗೆ ದೊಡ್ಡ ಪಂದಯಂ ಬೇಕು, ಲೋಕವೇ ನೋಡುವಂಥ ಪಂದಯಂ ಬೇಕು, ಪಂದಯಂ ನೋಡಿ ನಮ್ಮ ಮಕ್ಕಳ ಕಣ್ಣು ಅರಳಬೇಕು ಅಂತ ತಮಿಳಿನಲ್ಲಿ ಶುರು ಹಚ್ಚಿದ. ವಾಲಿಬಾಲ್ ಅನ್ನುವ ಹೆಸರೇ ಎತ್ತಲಿಲ್ಲ. ಯಾಕೆ ಎತ್ತಬೇಕು? ಅವರ ಮನೆಯಲ್ಲಿ ಪಂದ್ಯ ಅಂದರೆ ವಾಲಿಬಾಲು ಒಂದೇ. ಇವತ್ತು ಪಂದ್ಯ ಐತಿ ಅಂದರೆ ಕೋಮಲಾನ ಪಂದ್ಯ, ಬೇರೆ ಯಾವ ಪಂದ್ಯವೂ ಆ ಮನೆಯಲ್ಲಿ ಎಂದೂ ಇರಲಿಲ್ಲ. ಬಾಯಿ ತಮಿಳು ಆಡುತ್ತಿತ್ತು, ಎದೆ ರಾಣೇಬೆನ್ನೂರಿನ ಕನ್ನಡ ಆಡುತ್ತಿತ್ತು, ಕನ್ನಡದ ಪಂದ್ಯ ತಮಿಳಿನ ಪಂದಯಂ ಆಗಿ ಹೊರಗೆ ಬಿತ್ತು.

ತಮಿಳಿನಲ್ಲಿ ಪಂದಯಂ ಅಂದರೆ ರೇಸು. ಕುದುರೆ ಓಡಿಸಿದರೆ ಪಂದಯಂ, ಕಾರು ಓಡಿಸಿದರೆ ಪಂದಯಂ, ಬಾಜಿ ಕಟ್ಟಿದರೂ ಪಂದಯಂ. ಗುಮಾಸ್ತ ಕಿವಿಗೆ ಬಿದ್ದದ್ದನ್ನು ಬಿದ್ದ ಹಾಗೆ ನಡಾವಳಿ ಪುಸ್ತಕದಲ್ಲಿ ಬರೆದ; ಅವನದೇನು ತಪ್ಪು? ಅಂತರರಾಷ್ಟ್ರೀಯ ಮಟ್ಟದ ಪಂದಯಂ ನಡೆಸಲು ಸದಸ್ಯರ ಕೋರಿಕೆ, ಸಭೆ ಒಪ್ಪಿದೆ. ಬ್ಯಾಟರಿ ಬೈಕು ಮಾಡುವ ಒಂದು ಕಂಪನಿ ಪೆರುಂಗುಡಿಯಲ್ಲಿ ಆಫೀಸು ತೆರೆದುಕೊಂಡು, ತನ್ನ ಬೈಕು ಓಡಿಸಿ ತೋರಿಸಲು ರಸ್ತೆ ಹುಡುಕುತ್ತಾ ಕೂತಿತ್ತು. ಅವರಿಗೆ ಈ ಒಂದು ಸಾಲು ಸಿಕ್ಕಿದ್ದೇ ಸಾಕಾಯಿತು. ವಾರ್ಡಿನ ಸದಸ್ಯರೇ ಬಾಯಿಬಿಟ್ಟು ಕೇಳಿದ್ದಾರೆ ಅಂತ ಫೈಲು ಹಿಡಿದು ಬಂದರು, ಗ್ಯಾರೇಜಿಗೆ ತಿಡಲ್ ಬೇಕು ಅಂದರು.

ಕೋಮಲಾ ಅವತ್ತು ಶಾಲೆಗೆ ರಜೆ ಹೇಳಿ ನೇರ ಅಂಗಡಿಗೆ ಹೋದಳು. ವೀರಪ್ಪ ಗಲ್ಲಾದ ಮುಂದೆ ಕೂತಿದ್ದ. ತಂಗಿಯ ಮುಖ ನೋಡಿದವನೇ ಕೆಲಸದವರನ್ನು ಹೊರಗೆ ಕಳಿಸಿದ. ಅವನಿಗೆ ಮೂರು ವಾರದಿಂದ ಗೊತ್ತಿತ್ತಂತೆ. ಮೊದಲು ತನಗೂ ಎದೆ ಒಡೆದ ಹಾಗಾಯಿತು ಅಂದ. ಆಮೇಲೆ ಯೋಚನೆ ಮಾಡಿದರೆ ರೇಸೂ ಒಂದು ಕ್ರೀಡೆಯೇ, ಹೊರದೇಶದವರು ಬರುತ್ತಾರೆ, ಟೀವಿಯಲ್ಲಿ ಪುರಸೈವಾಕ್ಕಂ ಕಾಣಿಸುತ್ತದೆ ಅಂದ. ಮೊಬೈಲು ತೆಗೆದು ತೋರಿಸಿದ. ಕಂಪನಿಯ ಟೀ ಶರ್ಟಿನವರಿಬ್ಬರ ನಡುವೆ ತಲೆಗೆ ಹೆಲ್ಮೆಟ್ಟು ಹಾಕಿಕೊಂಡು ನಿಂತ ವೀರಪ್ಪ. ಆ ಫೋಟೋ ನೋಡಿದ ಕ್ಷಣ ಆ ಮೊಬೈಲನ್ನು ಕುಕ್ಕರಿನೊಳಗೆ ಹಾಕಿ ಮುಚ್ಚಳ ಬಿಗಿಯಬೇಕು ಅನ್ನಿಸಿತು ಕೋಮಲಾಗೆ. ಸುತ್ತ ನೂರಾರು ಕುಕ್ಕರು ಇದ್ದವು.

ಅವಳು ಸಿಟ್ಟು ನುಂಗಿಕೊಂಡಳು. ಎಳಿಲರಸನ್ ಅವಳಿಗೆ ದಾರಿ ಹೇಳಿದ್ದ. ಹಿಂದಿನ ಸಭೆಯ ನಡಾವಳಿಯನ್ನು ಮುಂದಿನ ಸಭೆಯಲ್ಲಿ ಓದಿ ಎಲ್ಲರೂ ಕೈ ಎತ್ತಿದ ಮೇಲೇ ಅದು ಖಾಯಂ. ಮಧ್ಯೆ ಎರಡು ಸಭೆ ಬೇರೆ ಬೇರೆ ಗಲಾಟೆಯಲ್ಲಿ ಮುಳುಗಿದ್ದರಿಂದ ಈ ಸಾಲು ಇನ್ನೂ ಖಾಯಂ ಆಗಿಲ್ಲ. ಅಷ್ಟರೊಳಗೆ ಆ ಸದಸ್ಯರು, ನಾನು ಹೇಳಿದ ಮಾತು ತಪ್ಪಾಗಿತ್ತು, ನನ್ನ ಉದ್ದೇಶ ವಾಲಿಬಾಲ್ ಪಂದ್ಯ ಅಂತ ಮೂರು ಸಾಲು ಬರೆದು ಸಹಿ ಮಾಡಿ ಕೊಟ್ಟರೆ ಸಾಕು, ತಿದ್ದುತ್ತಾರೆ; ಕಂಪನಿಯ ಫೈಲಿಗೆ ಕಾಲೇ ಇಲ್ಲದ ಹಾಗಾಗುತ್ತದೆ. ಕೋಮಲಾ ಆ ಮೂರು ಸಾಲನ್ನು ಅಲ್ಲೇ ಬರೆದಳು. ಪೆನ್ನು ಮುಂದಿಟ್ಟಳು.

ವೀರಪ್ಪ ಪೆನ್ನು ಮುಟ್ಟಲಿಲ್ಲ. ಬಾಗಿಲ ಕಡೆ ಒಮ್ಮೆ ನೋಡಿ, ದನಿ ತಗ್ಗಿಸಿ ಕನ್ನಡಕ್ಕೆ ಬಂದ. “ಕೋಮಲಾ, ಸ್ವಲ್ಪ ಯೋಚನಿ ಮಾಡು. ನಾ ತಪ್ಪು ಮಾತಾಡೀನಿ ಅಂತ ಬರದು ಕೊಟ್ರ ಮುಗೀತು. ಐವತ್ತೆಂಟು ವರ್ಷ ಇಲ್ಲೇ ಹುಟ್ಟಿ ಬೆಳದವಗ ಪಂದಯಂ ಯಾವುದು ಪೋಟ್ಟಿ ಯಾವುದು ಗೊತ್ತಿಲ್ಲ ಅಂತಾರ. ಕನ್ನಡದವ ಕನ್ನಡದವನ ಅಂತಾರ. ಮುಂದಿನ ಸಲ ಟಿಕೆಟ್ಟು ಕೊಡೂದಿಲ್ಲ.”

ಕೋಮಲಾಗೆ ಒಂದು ಕ್ಷಣ ಕಿವಿಗೆ ಸರಿಯಾಗಿ ಕೇಳಿಸಿತೇ ಅಂತ ಅನುಮಾನ ಬಂತು. ಹೆಲ್ಮೆಟ್ಟು, ಹೊರದೇಶದವರು, ಟೀವಿ ಎಲ್ಲಾ ಬರೀ ಮೇಲಿನ ಬಣ್ಣ. ಒಳಗಿರುವುದು ಇದು. ಒಂದು ಮಾತು ಜಾರಿದೆ ಅಂತ ಒಪ್ಪಿಕೊಳ್ಳಲು ನಾಚಿಕೆ. ಆ ನಾಚಿಕೆಗೆ ಹದಿನಾಲ್ಕು ಹುಡುಗಿಯರ ಕಾಲ ಕೆಳಗಿನ ನೆಲವನ್ನು ಬಿಟ್ಟುಕೊಡುತ್ತಾನಂತೆ. ಸಹಿ ಮಾಡಣ್ಣ ಅಂದಳು. ನೋಡೋಣ ಅಂದ. ಮುಂದಿನ ಸಭೆ ಮೂವತ್ತನೇ ತಾರೀಕು, ಇನ್ನೂ ಹತ್ತು ದಿನ ಐತಿ, ಯಾಕೆ ಗಡಿಬಿಡಿ ಅಂದ.

ಆ ವಾರವೆಲ್ಲಾ ದಿನಾ ಸಂಜೆ ಅವಳು ಅಣ್ಣನ ಮನೆಗೆ ಹೋದಳು. ಒಂದು ದಿನ ಅವನಿಗೆ ತಲೆನೋವು. ಒಂದು ದಿನ ಕಂಪನಿಯವರ ಫೋನು. ಒಂದು ದಿನ ಸ್ನಾನ, ಪೂಜೆ, ಊಟ ಅಂತ ಎಲ್ಲಕ್ಕೂ ವಿಪರೀತ ಹೊತ್ತು ತೆಗೆದುಕೊಂಡ. ಶಂಕ್ರಮ್ಮ ಮಂಚದ ಮೇಲೆ ಕೂತು ಎಲ್ಲಾ ಕೇಳಿಸಿಕೊಂಡು, ಪಂದ್ಯಕ್ಕ ಪಂದ್ಯ ಅನ್ನದ ಮತ್ತೇನನ್ನಬೇಕಿತ್ತು, ನನ್ನ ಮಗ ಸರಿಯಾಗೇ ಹೇಳ್ಯಾನ ಅಂತ ಪಟ್ಟು ಹಿಡಿದಳು. ಈ ಮನೆಯಲ್ಲಿ ಯಾರ ತಲೆಗೆ ತನ್ನ ತಲೆ ಗಟ್ಟಿಸಿಕೊಳ್ಳಬೇಕು ಅಂತ ಕೋಮಲಾಗೆ ತಿಳಿಯಲಿಲ್ಲ. ಮೈದಾನದಲ್ಲಿ ಸುಣ್ಣದ ಗೆರೆಗಳು ಹಾಗೇ ಇದ್ದವು. ಹುಡುಗಿಯರು ಅದರ ಮೇಲೇ ಆಡಿದರು. ಇದು ಹೊಸ ಕೋರ್ಟಿನ ಗೆರೆಯಾ ಮಿಸ್ ಅಂತ ವೆಣ್ಣಿಲಾ ಕೇಳಿದಾಗ ಅವಳು ಇನ್ನಿಪ್ಪತ್ತು ಸರ್ವ್ ಹೊಡಿ ಅಂದಳು.

ಇಪ್ಪತ್ತಾರನೇ ತಾರೀಕು ಭಾನುವಾರ ವಾರ್ಡಿನ ಜನರ ಸಭೆ ಇತ್ತು. ಮೂರು ತಿಂಗಳಿಗೊಮ್ಮೆ ಸಮುದಾಯ ಭವನದಲ್ಲಿ ಜನ ಸೇರಿ ಚರಂಡಿ, ಬೀದಿದೀಪ, ನಾಯಿಗಳ ಕಾಟ ಹೇಳಿಕೊಳ್ಳುವುದು, ಸದಸ್ಯರೂ ಎಂಜಿನಿಯರೂ ವೇದಿಕೆಯ ಮೇಲೆ ಕೂತು ಕೇಳುವುದು. ಕೋಮಲಾ ಶನಿವಾರವೇ ನಿರ್ಧಾರ ಮಾಡಿದ್ದಳು. ಅಣ್ಣನಿಗೆ ಮುಂಚಿತವಾಗಿ ಹೇಳಿಯೂ ಹೇಳಿದಳು. ನೀನು ಸಹಿ ಮಾಡದಿದ್ದರೆ ನಾಳೆ ಜನರ ಮುಂದೆ ಕೇಳುತ್ತೇನೆ ಅಂದಳು. ಒಡಹುಟ್ಟಿದವನನ್ನು ಸಭೆಯಲ್ಲಿ ನಿಲ್ಲಿಸುವುದು ಅವಳಿಗೆ ಸುಲಭವಾಗಿತ್ತೇ? ಆದರೂ ಆ ಮೂರು ಸಾಲಿನ ಕಾಗದ ಪರ್ಸಿನಲ್ಲಿಟ್ಟುಕೊಂಡು ಹೋದಳು.

ಭವನದಲ್ಲಿ ನೂರೈವತ್ತು ಜನ ಇದ್ದರು. ಅವಳ ಹುಡುಗಿಯರು ಕೊನೆಯ ಸಾಲಿನಲ್ಲಿ, ಅಂಜಲೈ ಹೂವಿನ ಬುಟ್ಟಿ ಸಮೇತ ಮಧ್ಯದಲ್ಲಿ. ಚರಂಡಿಯ ಮಾತು ಮುಗಿದ ಮೇಲೆ ಕೋಮಲಾ ಎದ್ದು ಮೈಕು ಕೇಳಿ ತೆಗೆದುಕೊಂಡಳು. ಸ್ವಚ್ಛ ತಮಿಳಿನಲ್ಲಿ ಎಲ್ಲವನ್ನೂ ಹೇಳಿದಳು. ತಿಡಲ್ ಹೋಗುತ್ತಿದೆ, ಕಾಂಕ್ರೀಟು ಬೀಳುತ್ತದೆ, ಕಾರಣ ಒಂದು ಮಾತು. ನಮ್ಮ ಮನೆಯ ಮಾತು ಕನ್ನಡ, ಕನ್ನಡದಲ್ಲಿ ಪಂದ್ಯ ಅಂದರೆ ಮ್ಯಾಚು, ನಮ್ಮಣ್ಣ ವಾಲಿಬಾಲ್ ಮ್ಯಾಚು ಕೇಳಿದ್ದು, ರೇಸಲ್ಲ. ಅದು ತಪ್ಪಲ್ಲ, ಯಾರ ಬಾಯಲ್ಲಾದರೂ ಬರುವಂಥದ್ದು. ಮೂವತ್ತನೇ ತಾರೀಕಿನೊಳಗೆ ಒಂದು ಸಹಿ ಬಿದ್ದರೆ ಎಲ್ಲಾ ಸರಿಹೋಗುತ್ತದೆ. ಇಷ್ಟು ಹೇಳಿ ಕಾಗದವನ್ನು ವೇದಿಕೆಯ ಮೇಜಿನ ಮೇಲಿಟ್ಟಳು.

ಜನ ವೀರಪ್ಪನ ಕಡೆ ತಿರುಗಿದರು. ಅವನ ಮುಖ ಕೆಂಪೇರಿತ್ತು. ನಿಧಾನಕ್ಕೆ ಎದ್ದು, ತನ್ನ ಮೈಕನ್ನು ಸರಿಮಾಡಿಕೊಂಡು, ಟೀವಿಯವರ ಥರದ ತಮಿಳಿನಲ್ಲಿ ಶುರು ಮಾಡಿದ. ನಾನು ಈ ಮಣ್ಣಿನ ಮಗ, ನಾನು ಆಡಿದ ಪ್ರತಿ ತಮಿಳು ಮಾತಿನ ಅರ್ಥ ನನಗೆ ಗೊತ್ತು, ಪಂದಯಂ ಅಂದದ್ದು ಪಂದಯಂ ಅಂತಲೇ. ನನ್ನ ತಂಗಿ ಒಳ್ಳೆಯವಳು, ಆದರೆ ತಮಿಳು ಸ್ವಲ್ಪ ಕಮ್ಮಿ, ಆಟದಲ್ಲೇ ವಯಸ್ಸು ಕಳೆಯಿತಲ್ಲ ಅಂತ ನಕ್ಕ. ಮುಂದಿನ ಸಾಲಿನ ಇಬ್ಬರು ಮೂವರೂ ನಕ್ಕರು.

ಅವನ ಭಾಷಣಕ್ಕೆ ಅಕ್ಷರ ಅಕ್ಷರ ಕೂಡಿಸಿ ತಮಿಳು ಬರೆದುಕೊಟ್ಟವಳಿಗೆ ತಮಿಳು ಕಮ್ಮಿಯಂತೆ. ಕೋಮಲಾಳ ಎರಡೂ ಕಿವಿ ಬಿಸಿಯಾದವು. ಇಪ್ಪತ್ತೆರಡು ವರ್ಷದಲ್ಲಿ ಹುಡುಗಿಯರ ಮುಂದೆ ಅವಳನ್ನು ನೋಡಿ ಯಾರೂ ನಕ್ಕಿರಲಿಲ್ಲ. ಮೈಕು ಇನ್ನೂ ಕೈಯಲ್ಲಿತ್ತು. ಅವನು ಯಾವುದಕ್ಕೆ ಹೆದರುತ್ತಾನೋ ಅದನ್ನೇ ಮಾಡಿದಳು: ಕನ್ನಡಕ್ಕೆ ತಿರುಗಿದಳು.

“ಅಣ್ಣಾ, ನನ್ನ ಮುಖಾ ನೋಡಿ ಹೇಳು. ನಿಂಗ ಬೇಕಾಗಿದ್ದು ಬೈಕ್ ರೇಸೇನು?”

ವೀರಪ್ಪ ಅತ್ತ ಇತ್ತ ನೋಡಿದ. ಮೂರು ವರ್ಷದಿಂದ ಬೀದಿಯಲ್ಲಿ ಬಿಗಿಹಿಡಿದಿದ್ದ ನಾಲಿಗೆ, ತಂಗಿಯ ಕಣ್ಣು ಕಂಡ ಕೂಡಲೇ ಬಿಟ್ಟುಕೊಂಡಿತು. ಮನೆಯಲ್ಲಿ ಗದರುವಂತೆಯೇ ಮೈಕಿನಲ್ಲಿ ಗದರಿದ. “ಸುಮ್ನ ಕೂಡಽ ನೀ! ಪಂದ್ಯ ಅಂದ್ರ ಮ್ಯಾಚ್ ಅಂತ ನಂಗ ಗೊತ್ತಿಲ್ಲೇನು?”

ಪಂದ್ಯ, ಮ್ಯಾಚ್. ಈ ಎರಡು ಮಾತು ತಿಳಿಯಲು ಯಾರಿಗೂ ಕನ್ನಡ ಬರಬೇಕಾಗಿರಲಿಲ್ಲ. ನಾಲ್ಕು ಸ್ಪೀಕರುಗಳು ಅದನ್ನು ಬೀದಿಯ ತುದಿಯವರೆಗೂ ತಲುಪಿಸಿದವು. ವೀರಪ್ಪ ಬಾಯಿ ಮುಚ್ಚಿಕೊಂಡ, ಆದರೆ ತಡವಾಗಿತ್ತು.

ಯಾರಾದರೂ ಕೂಗುತ್ತಾರೆ, ಕಾವೇರಿ ಅನ್ನುತ್ತಾರೆ, ಕುರ್ಚಿ ಎಸೆಯುತ್ತಾರೆ ಅಂತ ಅವನು ಕಾಯುತ್ತಿದ್ದ. ಅವನು ನಿಂತ ರೀತಿಯಲ್ಲೇ ಕೋಮಲಾಗೆ ಅದು ಕಾಣಿಸುತ್ತಿತ್ತು. ಹಾಗೇನೂ ಆಗಲಿಲ್ಲ. ಮಧ್ಯದಿಂದ ಅಂಜಲೈ ಎದ್ದಳು. ಮೈಕು ಬೇಡದ ಗಂಟಲು ಅದು. ಇದರಲ್ಲೇನು ಗುಟ್ಟು ತಂಬಿ ಅಂದಳು. ನಿಮ್ಮ ಅಂಗಡಿಯನ್ನು ನಾವು ಕನ್ನಡಕ್ಕಾರರ್ ಕಡೈ ಅಂತಲೇ ಕರೆಯುವುದು, ನಿಮ್ಮಪ್ಪನ ಕಾಲದಿಂದ. ನನ್ನ ಮದುವೆಯ ಕೊಡ ಅಲ್ಲೇ ತಂದದ್ದು. ಕನ್ನಡದವನು ಅಂತ ತಿಳಿದೇ ಓಟು ಹಾಕಿದ್ದು. ನೀನು ಮನೆಯಲ್ಲಿ ಏನು ಮಾತಾಡುತ್ತೀಯೋ ಅದು ನಮಗೆ ಯಾಕೆ? ತಿಡಲ್ ಇರುತ್ತದೋ ಇಲ್ಲವೋ, ಅದನ್ನು ಹೇಳು.

ಹೌದು ಹೌದು ಅಂತ ನಾಲ್ಕೂ ಕಡೆಯಿಂದ ದನಿ ಎದ್ದಿತು. ಕೋಮಲಾಗೆ ಅಳು ಬರುವ ಹಾಗಾಯಿತು. ನೆಮ್ಮದಿಗಲ್ಲ, ಕೋಪಕ್ಕೆ. ಯಾರಿಗೂ ಬೇಡವಾದ ಗುಟ್ಟೊಂದನ್ನು ಇವನು ಇಷ್ಟು ವರ್ಷ ಹೊದಿಕೆ ಹೊದಿಸಿ ಕಾದ. ಮುದುಕಿಯ ಬಾಯಿ ಮುಚ್ಚಿಸಿದ. ಕೊನೆಗೆ ಅದರ ಸಲುವಾಗಿ ನೆಲವನ್ನೇ ಬರೆದುಕೊಡಲು ಹೊರಟಿದ್ದ. ಥೂ, ಇಷ್ಟಕ್ಕಾ?

ವೀರಪ್ಪ ಕರವಸ್ತ್ರ ತೆಗೆದು ಕಣ್ಣು ಒರೆಸಿಕೊಂಡ. ಜೇಬಿನಿಂದ ಪೆನ್ನು ತೆಗೆದ. ನನ್ನ ಜನ ನನ್ನನ್ನು ಇಷ್ಟು ಪ್ರೀತಿಸುತ್ತೀರಿ ಅಂತ ನನಗೆ ಗೊತ್ತಿರಲಿಲ್ಲ ಅಂದ. ನನ್ನ ಮಾನ ಹೋದರೂ ಸರಿ, ನನ್ನ ವಾರ್ಡಿನ ಹೆಣ್ಣುಮಕ್ಕಳ ಆಟ ಉಳಿಯಬೇಕು, ಇಗೋ ಅಂತ ಕಾಗದ ಎಳೆದುಕೊಂಡು, ಎಲ್ಲರಿಗೂ ಕಾಣುವಂತೆ ಬಗ್ಗಿ ಸಹಿ ಹಾಕಿದ. ಚಪ್ಪಾಳೆ ಬಿತ್ತು. ಹುಡುಗಿಯರು ಹಿಂದಿನಿಂದ ಸೀಟಿ ಹೊಡೆದರು. ವೆಣ್ಣಿಲಾ ಬೆಂಚಿನ ಮೇಲೆ ಹತ್ತಿ ಕುಣಿದಳು. ಕೋಮಲಾ ವೇದಿಕೆಯ ಹತ್ತಿರ ಹೋದಳು. ತನಗಾಗಿ ಅಂಗಡಿ ಮುಚ್ಚಿ ಬಂದಿದ್ದ ಹುಡುಗ ಈ ಮನುಷ್ಯನೊಳಗೆ ಇನ್ನೂ ಇದ್ದಾನೆ ಅನ್ನಿಸಿ ಅವನ ಕೈ ಹಿಡಿದುಕೊಂಡಳು. ಅವನೂ ಅವಳ ಕೈಯನ್ನು ಎರಡು ಕೈಯಲ್ಲಿ ಹಿಡಿದ. ಯಾರೋ ಫೋಟೋ ತೆಗೆದರು.

ವೀರಪ್ಪ ಕಾಗದವನ್ನು ಎಳಿಲರಸನ್ ಕೈಗೆ ಕೊಟ್ಟು, ಇವತ್ತೇ ಕಳಿಸಪ್ಪಾ ಅಂದ. ಎಳಿಲರಸನ್ ಅದನ್ನು ಓದಿದ, ತಿರುಗಿಸಿ ನೋಡಿದ, ಮತ್ತೆ ಓದಿದ. ಕೆಲಸಕ್ಕೆ ಸೇರಿ ಎರಡು ವರ್ಷವೂ ಆಗಿರಲಿಲ್ಲ. ಯಾವ ಮಾತನ್ನು ಎಲ್ಲಿ ನುಂಗಬೇಕು ಅನ್ನುವುದು ಇನ್ನೂ ಕಲಿತಿರಲಿಲ್ಲ. ಸದಸ್ಯರೇ ಹೇಳುತ್ತಾರೆ ಅಂತ ಇಷ್ಟು ಹೊತ್ತು ಕಾದವನು, ಇದನ್ನು ಯಾರಿಗೆ ಕಳಿಸಲಿ ಸರ್ ಅಂತ ಕೇಳಿದ. ಮೂವತ್ತನೇ ತಾರೀಕಿನ ಸಭೆಯನ್ನು ಮುಂಚಿತವಾಗಿ ಕರೆದು ಮೊನ್ನೆ ಗುರುವಾರವೇ ಮುಗಿಸಿದರಲ್ಲ. ನಡಾವಳಿ ಖಾಯಂ ಆಯಿತು. ಆ ಸಾಲು ಓದಿದಾಗ, ವಾರ್ಡಿನ ಸದಸ್ಯರಿಗೆ ಏನಾದರೂ ತಿದ್ದುಪಡಿ ಇದೆಯೇ ಅಂತ ನಿಮ್ಮನ್ನೇ ಕೇಳಿದರಲ್ಲ ಸರ್. ಇಲ್ಲ ಅಂದಿರಿ. ಮೊದಲು ಕೈ ಎತ್ತಿದವರೂ ನೀವೇ. ನಾಳೆ ಬೆಳಗ್ಗೆ ಕಾಂಕ್ರೀಟಿನ ಮೊದಲ ಲಾರಿ ಬರುತ್ತದೆ ಅಂತ ಅವನು ತಗ್ಗಿದ ದನಿಯಲ್ಲೇ ಹೇಳಿದ. ಮೇಜಿನ ಮೇಲಿನ ಮೈಕು ಹಚ್ಚಿಯೇ ಇತ್ತು.

ಚಪ್ಪಾಳೆ ಎಲ್ಲಿತ್ತೋ ಅಲ್ಲೇ ನಿಂತಿತು. ವೆಣ್ಣಿಲಾ ಬೆಂಚಿನಿಂದ ಇಳಿದಳು.

ಕೋಮಲಾಳ ಕೈ ಇನ್ನೂ ಅಣ್ಣನ ಎರಡು ಕೈಗಳ ನಡುವೆ ಇತ್ತು. ಗುರುವಾರ. ಗುರುವಾರ ಸಂಜೆ ಅವಳು ಅವನ ಮನೆಗೆ ಹೋಗಿದ್ದಳು. ತಲೆನೋವು ಅಂತ ಮಲಗಿದ್ದ. ಅವಳೇ ಶುಂಠಿ ಅರೆದು ಹಣೆಗೆ ಪಟ್ಟು ಹಾಕಿದ್ದಳು. ಮೂವತ್ತಕ್ಕೆ ಇನ್ನೂ ಒಂದು ವಾರ ಐತಲ್ಲ, ಮಾಡೋಣ ಬಿಡು ಅಂತ ಕಣ್ಣು ಮುಚ್ಚಿಕೊಂಡೇ ಹೇಳಿದ್ದ. ಶನಿವಾರ ಎಚ್ಚರಿಕೆ ಕೊಟ್ಟಾಗಲೂ ಸುಮ್ಮನೆ ಕೇಳಿಸಿಕೊಂಡಿದ್ದ. ಈಗ ನೂರೈವತ್ತು ಜನರ ಮುಂದೆ ಸತ್ತ ಕಾಗದಕ್ಕೆ ಸಹಿ ಹಾಕಿ ಚಪ್ಪಾಳೆಯನ್ನೂ ತೆಗೆದುಕೊಂಡ. ತಪ್ಪು ಮಾತಾಡಿದವನನ್ನು ಕ್ಷಮಿಸಬಹುದು, ಹೆದರಿದವನನ್ನೂ ಕ್ಷಮಿಸಬಹುದು. ಇವನನ್ನು ಏನು ಮಾಡುವುದು?

ಅವಳು ಕೈ ಕಿತ್ತುಕೊಂಡಳು. ಮೇಜಿನ ಮೇಲಿನ ಮೈಕನ್ನು ತನ್ನ ಕಡೆ ತಿರುಗಿಸಿಕೊಂಡಳು. ದನಿ ಏರಿಸಲಿಲ್ಲ.

“ಅಣ್ಣಾ, ಮಾತು ತಮಿಳಿನಾಗ ತಪ್ಪಿತು ಅಂದಿ, ಒಪ್ಪಿದೆ. ಗುರುವಾರ ಕೈ ಎತ್ತಿದ್ಯಲ್ಲ, ಅದು ಯಾವ ಭಾಷಾದಾಗ?”

ಆಮೇಲೆ ಜನರ ಕಡೆ ತಿರುಗಿ, ಅರ್ಥವಾಗಲಿಲ್ಲ ಅಂತ ಯಾರೂ ನಾಳೆ ಹೇಳಬಾರದು ಅಂತ, ಅದನ್ನೇ ತಮಿಳಿನಲ್ಲಿ ಇನ್ನೊಮ್ಮೆ ಕೇಳಿದಳು. ಕುರ್ಚಿಗಳು ಸರಿಯುವ ಸದ್ದಾಯಿತು. ಅಂಜಲೈ ಬುಟ್ಟಿಯನ್ನು ಕೆಳಗಿಟ್ಟು ಮುಂದೆ ಬರುತ್ತಿದ್ದಳು, ಅವಳ ಹಿಂದೆ ಉಳಿದವರು. ವೀರಪ್ಪ ಯಾರ ಮುಖವನ್ನೂ ನೋಡಲಿಲ್ಲ. ಅವನು ಮೈಕಿನ ಸ್ವಿಚ್ಚು ಎಲ್ಲಿದೆ ಅಂತ ಹುಡುಕುತ್ತಿದ್ದ.